ಯಾರೂ ಕಾಣದ ಹೊಡೆತವನ್ನೂ ಲೆಕ್ಕಕ್ಕೆ ಬರೆಸಿದವನು

ಹತ್ತಿ ಊರಿನವರಿಗೆ ಹತ್ತಿ ಊರಿನಿಂದಲೇ ಮಾತು ಶುರು ಮಾಡುವುದು ಒಳ್ಳೆಯದು. ಅಮೆರಿಕದ ಜಾರ್ಜಿಯಾ ರಾಜ್ಯದಲ್ಲಿ ಕ್ಯಾಂಟನ್ ಅಂತ ಒಂದು ಸಣ್ಣ ಪಟ್ಟಣ. ಅಲ್ಲಿ 1899ರಲ್ಲಿ ರಾಬರ್ಟ್ ಟೈರ್ ಜೋನ್ಸ್ ಎಂಬ ವ್ಯಾಪಾರಿ ಒಂದು ಹತ್ತಿ ಗಿರಣಿ ಹಾಕಿದ. ಈಗ ನಮ್ಮ ಹುಡುಗರು ಜೀನ್ಸ್ ಪ್ಯಾಂಟು ಹಾಕುತ್ತಾರಲ್ಲ, ಆ ಡೆನಿಮ್ ಬಟ್ಟೆಗೆ ಹೆಸರಾದ ಗಿರಣಿ ಅದು. ಮನುಷ್ಯ ಬಲು ಕಟ್ಟುನಿಟ್ಟು. ದೇವರು ಮತ್ತು ದುಡಿಮೆ, ಇವೆರಡು ಬಿಟ್ಟರೆ ಮೂರನೆಯದು ಗೊತ್ತಿಲ್ಲ. ಆಟ ಅಂದರೆ ಅವನ ಮಟ್ಟಿಗೆ ಕೆಲಸವಿಲ್ಲದವರ ಕೆಲಸ. ಮಗ ಕಾಲೇಜಿನಲ್ಲಿ ಬೇಸ್‌ಬಾಲ್ ಚೆನ್ನಾಗಿ ಆಡಿ, ಬ್ರೂಕ್ಲಿನ್ ತಂಡದವರು ಸಂಬಳ ಕೊಟ್ಟು ಕರೆದರೆ, ಹೋಗಕೂಡದು ಅಂದ. ಮಗ ಸುಮ್ಮನೆ ವಕೀಲಿ ಓದಿ ಅಟ್ಲಾಂಟಾ ನಗರದಲ್ಲಿ ಕೋರ್ಟಿಗೆ ಹೋಗತೊಡಗಿದ. ಆ ವಕೀಲನಿಗೆ 1902ರ ಮಾರ್ಚ್ 17ರಂದು ಒಂದು ಗಂಡುಮಗು ಹುಟ್ಟಿತು. ತಾತನ ಹೆಸರನ್ನೇ ಇಟ್ಟರು. ಜಗತ್ತು ಆ ಹುಡುಗನನ್ನು ಬಾಬಿ ಜೋನ್ಸ್ ಅಂತ ಕರೆಯಿತು. ಆಟವನ್ನು ಕಂಡರಾಗದ ತಾತನ ಹೆಸರು ಕೊನೆಗೆ ಗಾಲ್ಫ್ ಆಟದಿಂದಲೇ ಉಳಿಯಿತು ನೋಡ್ರಿ.

ನಾನು ಆದೋನಿಯ ಹತ್ತಿ ಮಾರುಕಟ್ಟೆಯಲ್ಲಿ ನಲವತ್ತು ವರ್ಷ ಅಡತಿ ಅಂಗಡಿಯಲ್ಲಿ ಕೂತವನು. ಮನೆಯಲ್ಲಿ ಕನ್ನಡ, ಅಂಗಡಿಯಲ್ಲಿ ತೆಲುಗು. ಗಾಲ್ಫ್ ಕೋಲನ್ನು ಕೈಯಿಂದ ಮುಟ್ಟಿದವನಲ್ಲ. ಒಂದೇ ಒಂದು ಸಲ ಊಟಿಗೆ ಹೋದಾಗ ರಸ್ತೆ ಬದಿಗೆ ನಿಂತು ಯಾರೋ ಆಡುತ್ತಿದ್ದುದನ್ನು ನೋಡಿದ್ದೆ. ಇಷ್ಟು ದೊಡ್ಡ ಹಸಿರು ಹೊಲದಲ್ಲಿ ಒಂದು ದನವಿಲ್ಲವಲ್ಲ ಅಂತ ಅನ್ನಿಸಿದ್ದು ಬಿಟ್ಟರೆ ಬೇರೆ ನೆನಪಿಲ್ಲ. ಹಂಗಿದ್ದರೂ ಈ ಜೋನ್ಸ್ ಬಗ್ಗೆ ಕೈಗೆ ಸಿಕ್ಕಿದ್ದನ್ನೆಲ್ಲ ಓದಿದ್ದೇನೆ. ಯಾಕೆ ಅನ್ನುವುದನ್ನು ಮುಂದೆ ಹೇಳುತ್ತೇನೆ.

ಆಟ ಗೊತ್ತಿಲ್ಲದವರಿಗೆ ಎರಡು ಮಾತು. ಚಿನ್ನಿದಾಂಡಿನಂತೆ ಕೋಲಿನಿಂದ ಹೊಡೆಯುವುದು, ಗೋಲಿಯಂತೆ ಗುಳಿಗೆ ಬೀಳಿಸುವುದು, ಎರಡೂ ಸೇರಿದರೆ ಗಾಲ್ಫ್. ಮೈಲಿಗಟ್ಟಲೆ ಬಯಲಿನಲ್ಲಿ ಹದಿನೆಂಟು ಗುಳಿ. ಯಾರು ಕಡಿಮೆ ಹೊಡೆತದಲ್ಲಿ ಹದಿನೆಂಟನ್ನೂ ಮುಗಿಸುತ್ತಾರೋ ಅವರು ಗೆದ್ದಂತೆ. ದಾರಿಯಲ್ಲಿ ಎತ್ತರದ ಹುಲ್ಲು, ಮರಳುಗುಂಡಿ, ಕೆರೆ, ಮರ ಎಲ್ಲವೂ ಅಡ್ಡ ಬರುತ್ತವೆ. ಚೆಂಡು ಎಲ್ಲಿ ಬಿತ್ತೋ ಅಲ್ಲಿಂದಲೇ ಹೊಡೆಯಬೇಕು. ಕ್ರಿಕೆಟ್ಟಿನ ಹಾಗೆ ಪ್ರತಿ ಚೆಂಡಿಗೂ ಅಂಪೈರ್ ಬೆನ್ನ ಹಿಂದೆ ನಿಂತಿರುವುದಿಲ್ಲ. ಎಷ್ಟೋ ಸಲ ಮರದ ಸಂದಿಯಲ್ಲಿ, ಹುಲ್ಲಿನ ಮರೆಯಲ್ಲಿ ಆಡುವವನೂ ಚೆಂಡೂ ಇಬ್ಬರೇ. ಈ ಮಾತು ನೆನಪಿರಲಿ.

ಬಾಬಿ ಹುಟ್ಟಿದಾಗಿನಿಂದ ಬಲಹೀನ ಕೂಸು. ಐದು ವರ್ಷ ಆಗುವ ತನಕ ಗಟ್ಟಿ ಆಹಾರ ಹೊಟ್ಟೆಗೆ ಒಗ್ಗಲಿಲ್ಲ. ಗಾಳಿ ಬದಲಾದರೆ ಆದೀತು ಅಂತ ತಂದೆತಾಯಿ ಬೇಸಿಗೆಗೆ ಅಟ್ಲಾಂಟಾದ ಹೊರಗಿನ ಈಸ್ಟ್ ಲೇಕ್ ಎಂಬ ಜಾಗಕ್ಕೆ ಹೋದರು. ಮನೆ ಪಕ್ಕದಲ್ಲೇ ಗಾಲ್ಫ್ ಮೈದಾನ. ಅಲ್ಲಿ ಸ್ಕಾಟ್ಲೆಂಡಿನ ಕಾರ್ನೂಸ್ಟಿ ಊರಿನಿಂದ ಬಂದ ಸ್ಟೂವರ್ಟ್ ಮೇಡನ್ ಎಂಬ ಕಲಿಸುವವನಿದ್ದ. ಮಾತು ಕಡಿಮೆ, ಹೊಡೆತ ಚೊಕ್ಕ. ಹುಡುಗ ಅವನ ಹಿಂದೆ ಹಿಂದೆ ತಿರುಗಿ ನೋಡಿಯೇ ಕಲಿತ. ಕೂತು ಪಾಠ ಹೇಳಿಸಿಕೊಂಡದ್ದು ಕಡಿಮೆ. ಆರನೇ ವಯಸ್ಸಿನಲ್ಲಿ ಮಕ್ಕಳ ಪಂದ್ಯದಲ್ಲಿ ಒಂದು ಪುಟ್ಟ ಬಟ್ಟಲು ಬಹುಮಾನ ಬಂತು. ಆದರೆ ಅವತ್ತು ನಿಜವಾಗಿ ಗೆದ್ದವಳು ಅಲೆಕ್ಸಾ ಸ್ಟರ್ಲಿಂಗ್ ಎಂಬ ನೆರೆಮನೆಯ ಹುಡುಗಿ ಅಂತ ದೊಡ್ಡವನಾದ ಮೇಲೂ ಆತನೇ ಹೇಳುತ್ತಿದ್ದ. ಆ ಹುಡುಗಿ ಮುಂದೆ ಅಮೆರಿಕದ ಮಹಿಳಾ ಹವ್ಯಾಸಿ ಚಾಂಪಿಯನ್‌ಶಿಪ್ಪನ್ನು ಮೂರು ಸಲ ಗೆದ್ದಳು.

1916ರಲ್ಲಿ, ಹದಿನಾಲ್ಕು ವರ್ಷದ ಪೋರ, ಫಿಲಡೆಲ್ಫಿಯಾ ಹತ್ತಿರದ ಮೆರಿಯನ್‌ನಲ್ಲಿ ಅಮೆರಿಕದ ಹವ್ಯಾಸಿ ಚಾಂಪಿಯನ್‌ಶಿಪ್ ಆಡಿ ಕ್ವಾರ್ಟರ್ ಫೈನಲ್ ಮುಟ್ಟಿದ. ಪತ್ರಿಕೆಯವರು ಎತ್ತಿ ಆಡಿಸಿದರು. ಅಲ್ಲಿಂದ ಏಳು ವರ್ಷ ಒಂದೂ ದೊಡ್ಡ ಪ್ರಶಸ್ತಿ ಇಲ್ಲ! ಮುಖ್ಯ ಕಾರಣ ಸಿಟ್ಟು. ಹೊಡೆತ ತಪ್ಪಿದರೆ ಕೋಲು ಎಸೆಯುವನು, ಬೈಯುವನು. 1921ರಲ್ಲಿ ಸ್ಕಾಟ್ಲೆಂಡಿನ ಸೇಂಟ್ ಆಂಡ್ರೂಸ್‌ನಲ್ಲಿ, ಅಂದರೆ ಆ ಆಟದ ಕಾಶಿಯಲ್ಲಿ, ಬ್ರಿಟಿಷ್ ಓಪನ್‌ನ ಮೂರನೇ ಸುತ್ತು. ಹನ್ನೊಂದನೇ ಗುಳಿಯ ಮರಳುಗುಂಡಿಯಲ್ಲಿ ಚೆಂಡು ಕೂತು ಏಳಲೊಲ್ಲದು. ಸಿಟ್ಟಿಗೆ ಆಟವನ್ನೇ ಅರ್ಧಕ್ಕೆ ಬಿಟ್ಟ. ಹತ್ತೊಂಬತ್ತು ವರ್ಷದ ಶ್ರೀಮಂತರ ಮನೆ ಹುಡುಗ ಆ ಊರಿನವರ ಮುಂದೆ ಹಿಂಗ ಮಾಡಿದ್ದು ಚಿಕ್ಕ ಮಾತಲ್ಲ. ಜೀವನಪೂರ್ತಿ ಅದಕ್ಕೆ ನಾಚಿದ.

ಇದೇ ಕಾಲದಲ್ಲಿ ಜಾರ್ಜಿಯಾದ ಹತ್ತಿ ಹೊಲಗಳಿಗೆ ಕಾಯಿ ಕೊರೆಯುವ ಮೂತಿಹುಳ ಬಿದ್ದಿತ್ತು. 1915ರ ಸುಮಾರಿಗೆ ಬಂದ ಹುಳ ಸಾವಿರಾರು ಪಾಲುಗಾರ ರೈತರನ್ನು ಊರು ಬಿಡಿಸಿತು. ಅವರಲ್ಲಿ ಕಪ್ಪು ಜನರೇ ಬಹಳ. ಹುಳದ ಕಾಟ ಕಂಡ ನಮಗೆ ಅದೇನೆಂದು ಬಿಡಿಸಿ ಹೇಳಬೇಕಾಗಿಲ್ಲ. ಅತ್ತ ಹೊಲ ಒಣಗುತ್ತಿದ್ದಾಗ ಇತ್ತ ಗಿರಣಿ ಮಾಲೀಕನ ಮೊಮ್ಮಗ ಹುಲ್ಲಿನ ಮೇಲೆ ಚೆಂಡು ಹೊಡೆಯುತ್ತಿದ್ದ ಅನ್ನುವುದೂ ಸತ್ಯವೇ. ಅದನ್ನು ಮುಚ್ಚಿಟ್ಟು ಅವನ ಕಥೆ ಹೇಳಿದರೆ ಅದು ಭಜನೆ ಆದೀತು.

ಆದರೆ ಆ ಹುಡುಗ ಬರೀ ಆಟದವನಲ್ಲ. 1922ರಲ್ಲಿ ಜಾರ್ಜಿಯಾ ಟೆಕ್‌ನಿಂದ ಮೆಕ್ಯಾನಿಕಲ್ ಎಂಜಿನಿಯರಿಂಗ್ ಪದವಿ, 1924ರಲ್ಲಿ ಹಾರ್ವರ್ಡ್‌ನಿಂದ ಇಂಗ್ಲಿಷ್ ಸಾಹಿತ್ಯದ ಪದವಿ. ಆಮೇಲೆ ಎಮೋರಿಯಲ್ಲಿ ಕಾನೂನು ಓದುತ್ತ ಮೂರು ಸೆಮಿಸ್ಟರ್ ಮುಗಿಯುತ್ತಲೇ ವಕೀಲಿ ಪರೀಕ್ಷೆ ಪಾಸು ಮಾಡಿ ತಂದೆಯ ಕಚೇರಿ ಸೇರಿದ. 1924ರಲ್ಲೇ ಮೇರಿ ಮಲೋನ್ ಎಂಬಾಕೆಯೊಂದಿಗೆ ಮದುವೆ, ಮುಂದೆ ಮೂವರು ಮಕ್ಕಳು. ವರ್ಷಕ್ಕೆ ಕೆಲವೇ ವಾರ ಪಂದ್ಯ, ಮಿಕ್ಕದ್ದು ಓದು, ಸಂಸಾರ, ಕಚೇರಿ.

ಹವ್ಯಾಸಿ ಅಂದರೆ ಆಟದಿಂದ ಒಂದು ಕಾಸೂ ಮುಟ್ಟದವನು. ಓಪನ್ ಪಂದ್ಯಗಳಲ್ಲಿ ಹಣಕ್ಕೆ ಆಡುವವರೂ ಹವ್ಯಾಸಿಗಳೂ ಒಟ್ಟಿಗೆ ಆಡುತ್ತಿದ್ದರು. ಹವ್ಯಾಸಿ ಗೆದ್ದರೆ ಬಟ್ಟಲು ಮಾತ್ರ, ಹಣವಿಲ್ಲ. ಇದರ ಹಿಂದೆ ಒಂದು ಒರಟು ಸತ್ಯ ಇತ್ತು. ಹಣಕ್ಕೆ ಆಡುವವರನ್ನು ಕ್ಲಬ್ಬಿನ ಕೂಲಿಯಾಳುಗಳಂತೆ ಕಾಣುತ್ತಿದ್ದರು. ಅಮೆರಿಕದ ಓಪನ್‌ನಲ್ಲಿ ಅವರನ್ನು ಕ್ಲಬ್ಬಿನ ಕಟ್ಟಡದ ಒಳಗೆ ಬಿಟ್ಟುಕೊಂಡದ್ದೇ 1920ರಲ್ಲಿ. ಹೊಟ್ಟೆ ತುಂಬಿದವನಿಗೆ ಹವ್ಯಾಸಿ ಆಗಿರುವುದು ಸುಲಭ ಅಂತ ಯಾರಾದರೂ ಅಂದರೆ ನಾನು ಇಲ್ಲ ಅನ್ನಲಾರೆ. ಆದರೂ ಹಣಕ್ಕೆ ಆಡುವವರ ನಡುವೆ ನಿಂತು ಅವರನ್ನೇ ಸೋಲಿಸುವುದು ಸುಲಭದ ಮಾತಲ್ಲ. 1926ರಲ್ಲಿ ಫ್ಲಾರಿಡಾದಲ್ಲಿ ಎಪ್ಪತ್ತೆರಡು ಗುಳಿಗಳ ಪಂದ್ಯದಲ್ಲಿ ವಾಲ್ಟರ್ ಹೇಗನ್ ಎಂಬ ವೃತ್ತಿಪರ ಆಟಗಾರ ಜೋನ್ಸ್‌ನನ್ನು ಹೀನಾಯವಾಗಿ ಹೊಡೆದುಹಾಕಿದ್ದ. ಹೇಗನ್‌ಗೆ ಅದರಿಂದ ಕೈತುಂಬ ದುಡ್ಡು. ಸೋತವನಿಗೆ ಆತ ಕೊಡಿಸಿದ್ದು ಅಂಗಿಯ ತೋಳಿಗೆ ಹಾಕುವ ಒಂದು ಜೊತೆ ಗುಂಡಿ!

ಮೊದಲ ದೊಡ್ಡ ಗೆಲುವು ಬಂದದ್ದು 1923ರಲ್ಲಿ, ನ್ಯೂಯಾರ್ಕ್ ಬಳಿಯ ಇನ್‌ವುಡ್‌ನಲ್ಲಿ, ಅಮೆರಿಕದ ಓಪನ್. ಬಾಬಿ ಕ್ರೂಕ್‌ಶ್ಯಾಂಕ್ ಎಂಬ ಸ್ಕಾಟ್ ಜೊತೆ ಸರಿಸಮವಾಗಿ ಮರುದಿನ ಮತ್ತೆ ಆಡಬೇಕಾಯಿತು. ಕೊನೆಯ ಗುಳಿಯಲ್ಲಿ ನೀರಿನ ಆಚೆಗೆ ಕಬ್ಬಿಣದ ಕೋಲಿನಿಂದ ಹೊಡೆದ ಒಂದು ಹೊಡೆತ ಚೆಂಡನ್ನು ಗುಳಿಯ ಪಕ್ಕಕ್ಕೆ ಒಯ್ದಿಟ್ಟಿತು. ಅಲ್ಲಿಂದ ಬಾಗಿಲು ತೆರೆಯಿತು. ಸಿಟ್ಟೂ ಹತೋಟಿಗೆ ಬಂತು, ಒಳಗೊಳಗೇ ಕುದಿಯುತ್ತಿತ್ತಷ್ಟೆ. ಒಂದೊಂದು ಪಂದ್ಯ ಮುಗಿಯುವಷ್ಟರಲ್ಲಿ ಹತ್ತು ಪೌಂಡಿಗೂ ಹೆಚ್ಚು ತೂಕ ಇಳಿಯುತ್ತಿದ್ದ. ಊಟ ಹೋಗುತ್ತಿರಲಿಲ್ಲ.

ಈಗ 1925ಕ್ಕೆ ಬರೋಣ. ಮ್ಯಾಸಚೂಸೆಟ್ಸ್ ರಾಜ್ಯದ ವೂಸ್ಟರ್‌ನಲ್ಲಿ ಅಮೆರಿಕದ ಓಪನ್. ಮೊದಲ ಸುತ್ತಿನ ಹನ್ನೊಂದನೇ ಗುಳಿ. ಚೆಂಡು ಎತ್ತರದ ಹುಲ್ಲಿನಲ್ಲಿ ಬಿದ್ದಿತ್ತು. ಜೋನ್ಸ್ ಹೊಡೆಯಲು ಕೋಲು ಇಟ್ಟು ನಿಂತ. ಕೋಲು ಹುಲ್ಲಿಗೆ ತಾಗಿ ಚೆಂಡು ಕೂದಲೆಳೆಯಷ್ಟು ಅಲುಗಿತು. ಅಲುಗಿದರೆ ಒಂದು ಹೊಡೆತ ದಂಡ, ಅದು ನಿಯಮ. ಜೊತೆಗೆ ಆಡುತ್ತಿದ್ದವರು ಕಂಡಿಲ್ಲ, ಅಧಿಕಾರಿಗಳು ಕಂಡಿಲ್ಲ, ಜನ ಕಂಡಿಲ್ಲ. ಆತನೇ ಹೋಗಿ ಹೇಳಿದ. ಅವರು ವಿಚಾರಿಸಿದರು, ಅಲುಗಿದ್ದು ನಾವು ಯಾರೂ ನೋಡಿಲ್ಲವಲ್ಲ, ನಿನಗೆ ಖಾತ್ರಿಯೇ ಅಂದರು. ಖಾತ್ರಿ ಅಂದ. ಒಂದು ಹೊಡೆತ ಕೂಡಿಸಿ ಬರೆದರು. ನಾಲ್ಕು ಸುತ್ತು ಮುಗಿದಾಗ ಜೋನ್ಸ್ 291, ವಿಲ್ಲಿ ಮ್ಯಾಕ್‌ಫಾರ್ಲೇನ್ ಎಂಬಾತನೂ 291. ಆ ಒಂದು ಬರೆಸದಿದ್ದರೆ ಅಲ್ಲಿಗೇ ಗೆದ್ದಿದ್ದ. ಮರುದಿನ ಹದಿನೆಂಟು ಗುಳಿ ಮತ್ತೆ ಆಡಿದರು, ಇಬ್ಬರೂ 75. ಇನ್ನೂ ಹದಿನೆಂಟು ಆಡಿದರು, ಮ್ಯಾಕ್‌ಫಾರ್ಲೇನ್ 72, ಜೋನ್ಸ್ 73. ಒಂದೇ ಹೊಡೆತಕ್ಕೆ ಚಾಂಪಿಯನ್‌ಶಿಪ್ ಹೋಯಿತು. ಜನ ಹೊಗಳಿದರೆ ಆತನಿಗೆ ಹಿಡಿಸಲಿಲ್ಲ. ಕಳ್ಳತನ ಮಾಡಲಿಲ್ಲ ಅಂತ ಯಾರಾದರೂ ಮೆಚ್ಚುತ್ತಾರೆಯೇ ಅನ್ನುವುದು ಅವನ ವಾದ.

ನಾನು ಈ ಮನುಷ್ಯನ ಬೆನ್ನು ಬಿದ್ದದ್ದು ಈ ಸಂಗತಿ ಓದಿದ ಮೇಲೆ. 1984ರ ಸುಗ್ಗಿ ಇರಬೇಕು. ಅಂಗಡಿಯಲ್ಲಿ ಅಪ್ಪ ಇರಲಿಲ್ಲ, ಕಾಂಟಾ ಹತ್ತಿರ ನಾನಿದ್ದೆ. ಒಬ್ಬ ಮುದುಕ ರೈತನ ಹತ್ತಿ ಬಂಡಿ ಇಳಿಯಿತು. ಐದಾರು ಚೀಲ ತೂಗಿದ ಮೇಲೆ ತಟ್ಟೆಯ ಕೆಳಗೆ ಹಗ್ಗದ ಗಂಟು ಸಿಕ್ಕಿಕೊಂಡು ತೂಕ ಕಡಿಮೆ ತೋರಿಸುತ್ತಿರುವುದು ನನ್ನ ಕಣ್ಣಿಗೆ ಬಿತ್ತು. ಹಮಾಲರೂ ನೋಡಿಲ್ಲ, ರೈತನೂ ನೋಡಿಲ್ಲ. ಗಂಟನ್ನು ಕಾಲಿನಿಂದ ಬಿಡಿಸಿ ಮುಂದಿನ ಚೀಲ ಸರಿಯಾಗಿ ತೂಗಿಸಿದೆ. ಆದರೆ ಹಿಂದಿನ ಚೀಲಗಳನ್ನು ಮತ್ತೆ ತೂಗಿಸಲಿಲ್ಲ. ಚೀಲಕ್ಕೆ ಎರಡೋ ಮೂರೋ ಕಿಲೋ. ಅವತ್ತು ಸಂತೆ ಗದ್ದಲ, ಹೊತ್ತು ಮುಳುಗುತ್ತಿತ್ತು ಅಂತೆಲ್ಲ ನನಗೆ ನಾನೇ ಹೇಳಿಕೊಂಡೆ. ಆ ಮುದುಕ ಲೆಕ್ಕ ತೀರಿಸಿಕೊಂಡು, ನನಗೆ ಕೈಮುಗಿದು ಹೋದ. ಮರುವರ್ಷ ಬರಲಿಲ್ಲ, ತೀರಿಹೋದ ಅಂತ ಆ ಊರಿನವರು ಹೇಳಿದರು. ಅಪ್ಪನಿಗೆ ನಾನು ಹೇಳಲೇ ಇಲ್ಲ. ಇರ್ಲಿ.

ಜೋನ್ಸ್‌ನ ಲೆಕ್ಕದ ಕಟ್ಟುನಿಟ್ಟಿಗೆ ಇನ್ನೊಂದು ಉದಾಹರಣೆ ಇದೆ. ಅಟ್ಲಾಂಟಾದವರು ಅಭಿಮಾನದಿಂದ ಮನೆ ಕೊಳ್ಳಲು ಆತನಿಗೆ 50,000 ಡಾಲರ್ ಕೊಡಲು ಬಂದರು. ಆ ಕಾಲಕ್ಕೆ ಅದು ದೊಡ್ಡ ಗಂಟು. ಇದನ್ನು ತಗೊಂಡರೆ ಹವ್ಯಾಸಿ ಅನ್ನುವುದಕ್ಕೆ ಕುಂದು ಬರುತ್ತದೆ ಎಂಬ ಮಾತು ಎದ್ದಿತು. ಹಿಂದಕ್ಕೆ ಕೊಟ್ಟುಬಿಟ್ಟ.

ಮುಂದಿನ ವರ್ಷಗಳನ್ನು ಬೇಗ ಹೇಳಿ ಮುಗಿಸುತ್ತೇನೆ. 1926ರಲ್ಲಿ ಬ್ರಿಟಿಷ್ ಓಪನ್ ಮತ್ತು ಅಮೆರಿಕದ ಓಪನ್ ಎರಡನ್ನೂ ಒಂದೇ ವರ್ಷ ಗೆದ್ದ ಮೊದಲಿಗನಾದ. ಆ ಬ್ರಿಟಿಷ್ ಪಂದ್ಯ ಲಿಥಮ್‌ನಲ್ಲಿ. ಮಧ್ಯಾಹ್ನ ಹೊರಗೆ ಹೋಗಿ ಬರುವಾಗ ಆಟಗಾರನ ಬಿಲ್ಲೆ ಮರೆತಿದ್ದ. ಗೇಟಿನವನು ಗುರುತು ಹಿಡಿಯಲಿಲ್ಲ. ಜಗಳವಾಡದೆ ಎಲ್ಲರಂತೆ ಟಿಕೆಟ್ ಕೊಂಡು ಒಳಗೆ ಬಂದ, ಗೆದ್ದು ಹೋದ. ನಮ್ಮ ಕಡೆ ಇಂಥದ್ದೊಂದು ನಡೆದೀತೇ, ನೀವೇ ಹೇಳ್ರಿ. 1927ರಲ್ಲಿ ತಾನು ಅರ್ಧಕ್ಕೆ ಬಿಟ್ಟೋಡಿದ್ದ ಸೇಂಟ್ ಆಂಡ್ರೂಸ್‌ನಲ್ಲೇ ಬ್ರಿಟಿಷ್ ಓಪನ್ ಗೆದ್ದ. ಬಟ್ಟಲನ್ನು ಅಮೆರಿಕಕ್ಕೆ ಒಯ್ಯುವುದಿಲ್ಲ, ಇಲ್ಲೇ ಇರಲಿ ಅಂತ ಕೇಳಿಕೊಂಡ. ಊರಿನವರು ಹೆಗಲ ಮೇಲೆ ಹೊತ್ತು ಮೆರೆಸಿದರು. 1922ರಿಂದ 1930ರವರೆಗಿನ ಒಂಬತ್ತು ಅಮೆರಿಕನ್ ಓಪನ್‌ಗಳಲ್ಲಿ ಎಂಟರಲ್ಲಿ ಆತ ಮೊದಲು ಇಲ್ಲವೇ ಎರಡನೆಯ ಸ್ಥಾನ.

1930. ಆಗ ನಾಲ್ಕು ದೊಡ್ಡ ಪಂದ್ಯಗಳು ಅಂದರೆ ಬ್ರಿಟನ್ನಿನ ಹವ್ಯಾಸಿ ಮತ್ತು ಓಪನ್, ಅಮೆರಿಕದ ಓಪನ್ ಮತ್ತು ಹವ್ಯಾಸಿ. ಒಂದೇ ವರ್ಷದಲ್ಲಿ ನಾಲ್ಕನ್ನೂ ಗೆದ್ದವರಿಲ್ಲ. ಮೇ ತಿಂಗಳ ಕೊನೆಗೆ ಸೇಂಟ್ ಆಂಡ್ರೂಸ್‌ನಲ್ಲಿ ಬ್ರಿಟಿಷ್ ಹವ್ಯಾಸಿ ಪಂದ್ಯ. ನಡುವೆ ಸಿರಿಲ್ ಟಾಲಿ ಜೊತೆ ಹದಿನೆಂಟು ಗುಳಿ ಮುಗಿದರೂ ಸಮ, ಹತ್ತೊಂಬತ್ತನೆಯದಕ್ಕೆ ಹೆಂಗೋ ಪಾರಾದ. ಫೈನಲ್ಲಿನಲ್ಲಿ ರೋಜರ್ ವೆದರೆಡ್ ಸೋತ. ಜೂನ್‌ನಲ್ಲಿ ಹಾಯ್‌ಲೇಕ್‌ನಲ್ಲಿ ಬ್ರಿಟಿಷ್ ಓಪನ್. ಚೆನ್ನಾಗಿ ಆಡಲಿಲ್ಲ, ಆದರೂ ಗೆದ್ದ. ಜುಲೈಯಲ್ಲಿ ಮಿನಿಯಾಪೊಲಿಸ್ ಬಳಿಯ ಇಂಟರ್‌ಲ್ಯಾಕನ್‌ನಲ್ಲಿ ಅಮೆರಿಕದ ಓಪನ್. ನಮ್ಮ ಮೇ ತಿಂಗಳ ಬಿಸಿಲೇ ಅಲ್ಲಿ ಇಳಿದಿತ್ತು. ಬೆವರಿಗೆ ಟೈ ಬಣ್ಣ ಬಿಟ್ಟು ಅಂಗಿಗೆ ಹತ್ತಿ, ಗಂಟು ಬಿಚ್ಚಲಾರದೆ ಕೊನೆಗೆ ಚಾಕುವಿನಿಂದ ಕೊಯ್ದು ತೆಗೆದರಂತೆ. ಒಂಬತ್ತನೇ ಗುಳಿಯಲ್ಲಿ ಚೆಂಡು ಕೆರೆಗೆ ಬಿದ್ದೇಬಿಟ್ಟಿತು ಅಂದುಕೊಂಡರು. ಹುಡುಗರು ಕೆರೆಯಲ್ಲಿ ಬಿಲ್ಲೆಕಲ್ಲು ಎಸೆದಾಗ ಪುಟಿಯುವಂತೆ ನೀರಿನ ಮೇಲೆ ಪುಟಿದು ಆಚೆ ದಡ ಸೇರಿತು. ಇದು ಅದೃಷ್ಟವೇ, ಆಟವಲ್ಲ. ಕೊನೆಗೆ ಮ್ಯಾಕ್‌ಡೊನಾಲ್ಡ್ ಸ್ಮಿತ್‌ಗಿಂತ ಎರಡು ಹೊಡೆತ ಮುಂದೆ ಗೆದ್ದ.

ನಾಲ್ಕನೆಯದು ಸೆಪ್ಟೆಂಬರಿನಲ್ಲಿ, ಹದಿನಾಲ್ಕರ ಪೋರನಾಗಿ ಮೊದಲು ಆಡಿದ್ದ ಅದೇ ಮೆರಿಯನ್‌ನಲ್ಲಿ. ಜನವೋ ಜನ. ಆತನ ಸುತ್ತ ಕಾವಲಿಗೆ ನೌಕಾದಳದ ಮರೀನ್ ಸಿಪಾಯಿಗಳನ್ನು ನಿಲ್ಲಿಸಬೇಕಾಯಿತು. ಸೆಪ್ಟೆಂಬರ್ 27ರಂದು ಯೂಜೀನ್ ಹೋಮನ್ಸ್‌ನನ್ನು ಸೋಲಿಸಿದಾಗ ನಾಲ್ಕೂ ಮುಗಿದವು. ಒಟ್ಟು ಹದಿಮೂರು ದೊಡ್ಡ ಪ್ರಶಸ್ತಿ: ಅಮೆರಿಕದ ಓಪನ್ ನಾಲ್ಕು, ಅಮೆರಿಕದ ಹವ್ಯಾಸಿ ಐದು, ಬ್ರಿಟಿಷ್ ಓಪನ್ ಮೂರು, ಬ್ರಿಟಿಷ್ ಹವ್ಯಾಸಿ ಒಂದು. ವಯಸ್ಸು ಇಪ್ಪತ್ತೆಂಟು. ನವೆಂಬರಿನಲ್ಲಿ ಚಾಂಪಿಯನ್‌ಶಿಪ್ ಆಟ ಸಾಕು ಅಂತ ಪ್ರಕಟಿಸಿದ. ಗಾಲ್ಫ್ ಕಲಿಸುವ ಚಲನಚಿತ್ರಗಳಿಗೆ ವಾರ್ನರ್ ಬ್ರದರ್ಸ್ ಜೊತೆ ಕರಾರಾಗಿತ್ತು, ಆಮೇಲೆ ಸ್ಪಾಲ್ಡಿಂಗ್ ಕಂಪನಿಗೆ ಕೋಲುಗಳ ವಿನ್ಯಾಸ. ಇನ್ನು ದುಡ್ಡು ಮುಟ್ಟುತ್ತೇನೆ, ಆದ್ದರಿಂದ ಹವ್ಯಾಸಿ ಅಲ್ಲ ಅಂತ ತಾನೇ ಹೇಳಿ ಪಕ್ಕಕ್ಕೆ ಸರಿದ. ಎರಡು ಖಾತೆ ಒಂದೇ ಪುಸ್ತಕದಲ್ಲಿ ಬೆರೆಸಲಿಲ್ಲ.

ಆಮೇಲೆ ಮಾಡಿದ ದೊಡ್ಡ ಕೆಲಸ ಆಗಸ್ಟಾ ಮೈದಾನ. ಜಾರ್ಜಿಯಾದ ಆಗಸ್ಟಾ ಪಟ್ಟಣದಲ್ಲಿ ಫ್ರೂಟ್‌ಲ್ಯಾಂಡ್ ಎಂಬ ಹಳೆಯ ಸಸಿ ತೋಟ ಇತ್ತು, ಸುಮಾರು 365 ಎಕರೆ. ಅದಕ್ಕೂ ಹಿಂದೆ ಅದು ನೀಲಿ ಬೆಳೆಯುವ ಹೊಲ. ನ್ಯೂಯಾರ್ಕಿನ ಹಣಕಾಸಿನ ವ್ಯವಹಾರಸ್ಥ ಕ್ಲಿಫರ್ಡ್ ರಾಬರ್ಟ್ಸ್ ಜೊತೆ ಸೇರಿ ಅದನ್ನು ಕೊಂಡು, ಅಲಿಸ್ಟರ್ ಮೆಕೆಂಜಿ ಎಂಬ ಮೈದಾನ ಕಟ್ಟುವವನೊಂದಿಗೆ ಗಾಲ್ಫ್ ಬಯಲು ಮಾಡಿದ. ಒಂದೊಂದು ಗುಳಿಗೂ ಒಂದೊಂದು ಗಿಡದ ಹೆಸರು. 1934ರಲ್ಲಿ ಅಲ್ಲಿ ಶುರುವಾದ ಪಂದ್ಯವೇ ಈಗ ಮಾಸ್ಟರ್ಸ್, ಗೆದ್ದವನಿಗೆ ಹಸಿರು ಕೋಟು ತೊಡಿಸುವುದು ಅಲ್ಲಿಯೇ. ಎರಡನೇ ಮಹಾಯುದ್ಧದಲ್ಲಿ ಆಟ ನಿಂತಾಗ ಆ ಹುಲ್ಲಿನ ಮೇಲೆ ದನ ಬಿಟ್ಟರು, ಟರ್ಕಿ ಕೋಳಿ ಸಾಕಿದರು. ದನಗಳು ಹುಲ್ಲಿನ ಜೊತೆ ಹೂಗಿಡಗಳನ್ನೂ ಮೇಯ್ದವು. ಊಟಿಯಲ್ಲಿ ನನಗೆ ಅನ್ನಿಸಿದ್ದು ಪೂರಾ ಹುಚ್ಚಲ್ಲ ಅಂತ ಇದನ್ನು ಓದಿದಾಗ ಗೊತ್ತಾಯಿತು.

ಆದರೆ ಅಲ್ಲಿಯೂ ಒಂದು ಲೆಕ್ಕ ಬರೆಯದೆ ಉಳಿಯಿತು. ಚೀಲ ಹೊರುವವರು ಕಪ್ಪು ಜನ, ಆಡುವವರು ಬಿಳಿಯರು, ಇದೇ ಅಲ್ಲಿಯ ರೂಢಿ. ಕಪ್ಪು ಆಟಗಾರ ಲೀ ಎಲ್ಡರ್ ಮಾಸ್ಟರ್ಸ್‌ನಲ್ಲಿ ಮೊದಲ ಬಾರಿ ಆಡಿದ್ದು 1975ರಲ್ಲಿ, ಜೋನ್ಸ್ ಸತ್ತ ಮೇಲೆ. ಆ ಕ್ಲಬ್ಬಿಗೆ ಮೊದಲ ಕಪ್ಪು ಸದಸ್ಯ ಬಂದದ್ದು 1990ರಲ್ಲಿ, ಹೆಣ್ಣುಮಕ್ಕಳು ಸದಸ್ಯರಾದದ್ದು 2012ರಲ್ಲಿ. ಕೂದಲೆಳೆಯಷ್ಟು ಅಲುಗಿದ ಚೆಂಡನ್ನು ಕಂಡ ಕಣ್ಣು ಇದನ್ನು ಕಂಡೂ ಸುಮ್ಮನಿತ್ತು. ಇದನ್ನು ಬರೆಯುವಾಗ ನನಗೆ ನನ್ನ ಹಗ್ಗದ ಗಂಟೂ ನೆನಪಾಗುತ್ತದೆ, ಆದ್ದರಿಂದ ಹೆಚ್ಚು ಮಾತಾಡುವ ಹಕ್ಕು ನನಗಿಲ್ಲ.

ಯುದ್ಧಕ್ಕೂ ಹೋದ. ನಲವತ್ತು ವಯಸ್ಸು, ಮನೆಯಲ್ಲಿ ಕೂರಬಹುದಿತ್ತು. ವಾಯುಸೇನೆಯ ಗುಪ್ತ ಮಾಹಿತಿ ವಿಭಾಗ ಸೇರಿ, 1944ರಲ್ಲಿ ನಾರ್ಮಂಡಿ ದಾಳಿಯ ಮರುದಿನವೇ ಆ ದಡದಲ್ಲಿ ಇಳಿದ.

1948ರಲ್ಲಿ ಈಸ್ಟ್ ಲೇಕ್‌ನಲ್ಲಿ ಆಡಿದ್ದೇ ಕೊನೆ. ಕೈಕಾಲು ಜೋಮು, ನೋವು. ಬೆನ್ನುಹುರಿಯ ಒಳಗೆ ನೀರಿನ ಗುಳ್ಳೆ ಬೆಳೆದು ನರಗಳನ್ನು ಒತ್ತುವ ಸಿರಿಂಗೊಮೈಲಿಯಾ ಎಂಬ ಕಾಯಿಲೆ. ಎರಡು ಸಲ ಆಪರೇಷನ್ ಆದರೂ ಗುಣವಾಗಲಿಲ್ಲ. ಮೊದಲು ಊರುಗೋಲು, ಆಮೇಲೆ ಕಾಲಿಗೆ ಕಬ್ಬಿಣದ ಕಟ್ಟು, ಆಮೇಲೆ ಗಾಲಿಕುರ್ಚಿ. ಇಪ್ಪತ್ತು ವರ್ಷಕ್ಕೂ ಮೀರಿ ಹಿಂಗೇ. ಗೊಣಗಿದ್ದನ್ನು ಕೇಳಿದವರು ಕಡಿಮೆ.

1958ರಲ್ಲಿ ಅಮೆರಿಕದ ಹವ್ಯಾಸಿ ತಂಡದ ನಾಯಕನಾಗಿ, ಆಡುವುದಕ್ಕಲ್ಲ, ಸೇಂಟ್ ಆಂಡ್ರೂಸ್‌ಗೆ ಹೋದ. ಊರಿನವರು ಆತನನ್ನು ತಮ್ಮ ಊರಿನ ಗೌರವ ನಾಗರಿಕನನ್ನಾಗಿ ಮಾಡಿಕೊಂಡರು. ಅಮೆರಿಕದವರಲ್ಲಿ ಆ ಮರ್ಯಾದೆ ಮೊದಲು ಸಿಕ್ಕಿದ್ದು 1759ರಲ್ಲಿ ಬೆಂಜಮಿನ್ ಫ್ರಾಂಕ್ಲಿನ್‌ಗೆ, ಆಮೇಲೆ ಈತನಿಗೆ. ಬರೆದು ತಂದ ಭಾಷಣ ಪಕ್ಕಕ್ಕಿಟ್ಟು ತೋಚಿದ್ದನ್ನು ಮಾತಾಡಿದ. ಎದ್ದು ನಡೆಯಲಾಗದೆ ಸಣ್ಣ ಬ್ಯಾಟರಿ ಗಾಡಿಯಲ್ಲಿ ಸಭಾಂಗಣದಿಂದ ಹೊರಟಾಗ ಜನ ಎದ್ದು ನಿಂತು, ಮತ್ತೆ ಬರುವುದಿಲ್ಲವೇ ಎನ್ನುವ ಅರ್ಥದ ಹಳೆಯ ಸ್ಕಾಟಿಷ್ ಬೀಳ್ಕೊಡುಗೆ ಹಾಡನ್ನು ಹಾಡಿದರು. ಮೂವತ್ತೇಳು ವರ್ಷದ ಹಿಂದೆ ಇದೇ ಊರಿನಲ್ಲಿ ಆಟ ಬಿಟ್ಟು ಹೋದವನಿಗೆ.

ಆತ ಮತ್ತೆ ಹೋಗಲಿಲ್ಲ. 1971ರ ಡಿಸೆಂಬರ್ 18ರಂದು ಅಟ್ಲಾಂಟಾದಲ್ಲಿ ತೀರಿಕೊಂಡ. ಅಲ್ಲಿಯ ಓಕ್‌ಲ್ಯಾಂಡ್ ಸ್ಮಶಾನದಲ್ಲಿ ಸಮಾಧಿ ಇದೆ. ಬಂದವರು ಅದರ ಮೇಲೆ ಹೂವಿನ ಬದಲು ಗಾಲ್ಫ್ ಚೆಂಡು ಇಟ್ಟು ಹೋಗುತ್ತಾರಂತೆ. ತಾತ ಕಟ್ಟಿದ ಕ್ಯಾಂಟನ್ನಿನ ಗಿರಣಿ 1981ರಲ್ಲಿ ಮುಚ್ಚಿತು. ಆ ಕಟ್ಟಡದಲ್ಲಿ ಆಮೇಲೆ ಬಾಡಿಗೆ ಮನೆಗಳಾದವು.